ಬಾಣಕ್ಕಲ್ಲದೆ ಮಂತ್ರ ಇನ್ಯಾವುದಕ್ಕೆ?

ಹೋದ ದಸರಾ ರಜೆಯಲ್ಲಿ ಗುಂಡ್ಲುಪೇಟೆಯ ನಮ್ಮ ಮನೆ ಜಗಲಿಯ ಮೇಲೆ ಎರಡು ದಿನ ಯುದ್ಧ ನಡೆಯಿತು. ಬೆಂಗಳೂರಿನಿಂದ ಬಂದ ಅಕ್ಕನ ಮಗ, ಜೊತೆಗೆ ಅವನ ಮೂವರು ಗೆಳೆಯರು. ಚಾಪೆ ಹಾಸಿ, ಕಾಗದ, ಪೆನ್ಸಿಲ್ಲು, ಇಪ್ಪತ್ತು ಮುಖದ ದಾಳ ಹರಡಿಕೊಂಡು ಕೂತಿದ್ದರು. ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಎಂಬ ಆಟ. ಒಬ್ಬ ಕಥೆ ನಡೆಸುತ್ತಾನೆ, ಉಳಿದವರು ಒಂದೊಂದು ಪಾತ್ರ ಹಿಡಿಯುತ್ತಾರೆ, ಏಟು ಬಿತ್ತೋ ತಪ್ಪಿತೋ ಎಂಬುದನ್ನು ದಾಳ ಹೇಳುತ್ತದೆ. ಅಕ್ಕನ ಮಗನದು ಮಂತ್ರ ಕಲಿತ ಕತ್ತಿವರಸೆಯವನ ಪಾತ್ರ. ರಾಕ್ಷಸ ಎದುರಿಗೆ ಬಂದಾಗ ಅವನು ಹಣೆ ಚಚ್ಚಿಕೊಂಡ.

ಅವರೆಕಾಯಿ ಬಿಡಿಸುತ್ತ ಕೂತಿದ್ದ ನಮ್ಮವ್ವ ಏನಾಯಿತೆಂದು ಕೇಳಿದಳು.

“ಒಂದ್ ಸರದೀಲಿ ಒಂದೇ ಕೆಲ್ಸ ಅಜ್ಜಿ. ಮಂತ್ರ ಹಾಕಿದ್ರೆ ಕತ್ತಿ ಬೀಸೋ ಹಾಗಿಲ್ಲ. ಕತ್ತಿ ಬೀಸಿದ್ರೆ ಮಂತ್ರ ಇಲ್ಲ.”

ಅವ್ವ ಕೈಲಿದ್ದ ಕಾಯಿ ಕೆಳಗಿಟ್ಟಳು. “ಬಾಣುಕ್ಕೆ ಮಂತ್ರ ಆಕ್ದೆ ಇನ್ಯಾವುದುಕ್ಕಪ್ಪ ಆಕರು, ಮೊಗ?”

ಹುಡುಗರ ಬಳಿ ಉತ್ತರವಿರಲಿಲ್ಲ. ನನ್ನ ಬಳಿಯೂ ಇರಲಿಲ್ಲ. ರಜೆ ಮುಗಿದು ಅವರು ಊರು ಬಿಟ್ಟ ಮೇಲೂ ಆ ಪ್ರಶ್ನೆ ನನ್ನನ್ನು ಬಿಡಲಿಲ್ಲ. ಮಂತ್ರ ಮತ್ತು ಆಯುಧವನ್ನು ಬೇರೆ ಬೇರೆ ಕೈಗೆ ಕೊಟ್ಟವರು ಯಾರು? ಮತ್ತೆ ಒಂದೇ ಕೈಗೆ ಬರಲು ಅವು ಎಷ್ಟು ಕಾಲ ತೆಗೆದುಕೊಂಡವು? ಹುಡುಕುತ್ತ ಹೋದಾಗ ಸಿಕ್ಕಿದ್ದು ಒಂದು ಪುಟ್ಟ ಹೊತ್ತಗೆಯ ಒಂದೆರಡು ಸಾಲು. ಅದರ ಮೇಲೆ ಎದ್ದ ಜಗಳದ ಕತೆಯನ್ನೇ ಇಲ್ಲಿ ಹೇಳಬೇಕೆಂದಿದ್ದೇನೆ.

ಆಟ ಹುಟ್ಟಿದ್ದು ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಲೇಕ್ ಜಿನೀವಾ ಎಂಬ ಸಣ್ಣ ಊರಿನಲ್ಲಿ. ಅಲ್ಲಿ ಗ್ಯಾರಿ ಗೈಗ್ಯಾಕ್ಸ್ ಮತ್ತು ಅವರ ಗೆಳೆಯರು ಮೇಜಿನ ಮೇಲೆ ಸೀಸದ ಬೊಂಬೆಗಳನ್ನು ನಿಲ್ಲಿಸಿ ಹಳೆಯ ಕಾಲದ ಯುದ್ಧಗಳನ್ನು ಆಡುತ್ತಿದ್ದರು. 1971ರಲ್ಲಿ ಗೈಗ್ಯಾಕ್ಸ್ ಮತ್ತು ಜೆಫ್ ಪೆರೆನ್ ಸೇರಿ ‘ಚೈನ್‌ಮೇಲ್’ ಎಂಬ ನಿಯಮದ ಪುಸ್ತಕ ತಂದರು. ಅದರ ಕೊನೆಗೆ ಡ್ರ್ಯಾಗನ್ನುಗಳಿಗೂ ಮಾಂತ್ರಿಕರಿಗೂ ಒಂದಿಷ್ಟು ಜಾಗ ಕೊಟ್ಟಿದ್ದರು. ಮಾಂತ್ರಿಕ ಎಸೆಯುವ ಬೆಂಕಿಯುಂಡೆ ಎಷ್ಟು ಜಾಗ ಸುಡಬೇಕು? ದೊಡ್ಡ ಕವಣೆಯಂತ್ರದ ಕಲ್ಲು ಬೀಳುವಷ್ಟು. ಸಿಡಿಲು? ಭಾರಿ ಫಿರಂಗಿಯ ಗುಂಡು ಹೊಡೆಯುವಷ್ಟು. ಈ ಆಟದಲ್ಲಿ ಮಂತ್ರ ಮೊದಲು ಹುಟ್ಟಿದ್ದೇ ಆಯುಧದ ಅಳತೆಯಲ್ಲಿ. ಮಾಂತ್ರಿಕನೆಂದರೆ ನಿಲುವಂಗಿ ತೊಟ್ಟ ಫಿರಂಗಿ. ಫಿರಂಗಿಯ ಕೈಗೆ ಕತ್ತಿ ಕೊಡಬೇಕೆಂದು ಯಾರಿಗೂ ತೋಚದೆ ಇದ್ದದ್ದು ಸಹಜ.

1974ರಲ್ಲಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ಹೆಸರಿನಲ್ಲಿ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಹೊರಬಂತು. ಒಂದು ಪೆಟ್ಟಿಗೆ, ಒಳಗೆ ಮೂರು ತೆಳು ಹೊತ್ತಗೆ, ಮೊದಲ ಮುದ್ರಣ 1000 ಪ್ರತಿ. ಆಡುವವರಿಗೆ ಇದ್ದದ್ದು ಮೂರು ದಾರಿ: ಕಾದಾಡುವವನು, ಮಾಂತ್ರಿಕ, ಪೂಜಾರಿ. ಮಾಂತ್ರಿಕ ಒಂದು ಚೂರಿಗಿಂತ ದೊಡ್ಡದನ್ನು ಹಿಡಿಯುವಂತಿಲ್ಲ. ಪೂಜಾರಿ ಅಲಗಿರುವ ಆಯುಧ ಮುಟ್ಟುವಂತಿಲ್ಲ. ಟೋಲ್ಕಿನ್ ಕಾದಂಬರಿಯ ಮಾಂತ್ರಿಕ ಗ್ಯಾಂಡಾಲ್ಫ್ ಸೊಂಟದಲ್ಲೇ ಗ್ಲಾಮ್‌ಡ್ರಿಂಗ್ ಎಂಬ ಕತ್ತಿ ಕಟ್ಟಿಕೊಂಡು ತಿರುಗುವವನು. ಹೀಗಿರುವಾಗ ಇದೆಂಥ ಕಟ್ಟಳೆ ಎಂದು ಓದಿಕೊಂಡ ಆಟಗಾರರಿಗೆ ಅನ್ನಿಸದೆ ಇದ್ದೀತೆ? ಕಟ್ಟಳೆಗೂ ಒಂದು ಕಾರಣವಿತ್ತು. ಮಾಂತ್ರಿಕನಿಗೇ ಕತ್ತಿಯನ್ನೂ ಕೊಟ್ಟರೆ ಕಾದಾಡುವವನ ಪಾತ್ರ ಹಿಡಿದವನು ಮೂಲೆಯಲ್ಲಿ ಕೂರಬೇಕಾಗುತ್ತದೆ.

ಜಗಳ ಹುಟ್ಟಿದ್ದು ಎಲ್ಫ್ ಎಂಬ ಕುಲದಿಂದ. ಕಾಡಿನಲ್ಲಿ ಬಾಳುವ, ದೀರ್ಘಾಯುಷ್ಯದ, ಚೂಪುಗಿವಿಯ ಜನ. ಎಲ್ಫ್ ಆದವನು ಕಾದಾಡುವವನಾಗಿಯೂ ಇರಬಹುದು, ಮಾಂತ್ರಿಕನಾಗಿಯೂ ಇರಬಹುದು ಎಂದು ಹೊತ್ತಗೆ ಹೇಳಿತು. ಒಂದು ಸಾಹಸದಿಂದ ಇನ್ನೊಂದಕ್ಕೆ ಹೋಗುವಾಗ ವೇಷ ಬದಲಿಸಬಹುದು, ಆಟದ ನಡುವೆ ಬದಲಿಸುವಂತಿಲ್ಲ ಎಂದೂ ಹೇಳಿತು. ಅಷ್ಟಕ್ಕೇ ನಿಂತಿದ್ದರೆ ಗೊಂದಲವಿರಲಿಲ್ಲ. ಅದರ ಬೆನ್ನಿಗೇ, ಹೀಗಾಗಿ ಅವನಿಗೆ ಎರಡರ ಲಾಭವೂ ಉಂಟು, ಆಯುಧವನ್ನೂ ಮಂತ್ರವನ್ನೂ ಬಳಸಬಹುದು ಎಂಬ ಅರ್ಥದ ಮಾತು ಬಂತು. ಹಾಗಾದರೆ ಇಂದು ಕತ್ತಿ, ನಾಳೆ ಮಂತ್ರವೋ? ಅಥವಾ ಈಗಲೇ ಎರಡೂ ಒಟ್ಟಿಗೋ? ಒಂದು ಮೇಜಿನವರು ಹೀಗೆ ಓದಿದರು, ಇನ್ನೊಂದು ಮೇಜಿನವರು ಹಾಗೆ ಓದಿದರು. ನಮ್ಮ ಕಡೆ ಹಳೆಯ ಕ್ರಯಪತ್ರದ ಒಂದು ಸಾಲಿಗೆ ಎರಡು ಮನೆಯವರು ಎರಡು ಅರ್ಥ ಹಿಡಿದು ತಲೆಮಾರುಗಟ್ಟಲೆ ಕೂರುವುದುಂಟಲ್ಲ, ಇದೂ ಅದೇ ಜಾತಿಯದು. ಆ ಸಾಲುಗಳನ್ನು ನಾನು ಹತ್ತಾರು ಸಲ ಓದಿದ್ದೇನೆ. ಎರಡು ಅರ್ಥಕ್ಕೂ ಬಾಗಿಲು ತೆರೆದೇ ಇದೆ.

ಮುಂದಿನದೆಲ್ಲ ಆ ಸಾಲುಗಳಿಗೆ ಬರೆದ ಟೀಕೆ. 1978ರ ಪುಸ್ತಕ ಎರಡೂ ಕಸುಬನ್ನು ಒಟ್ಟಿಗೆ ಹಿಡಿಯಲು ಒಪ್ಪಿತು. ಆದರೆ ಗಳಿಸಿದ ಅನುಭವ ಎರಡು ಪಾಲಾಗಬೇಕು, ಎರಡರಲ್ಲೂ ನಿಧಾನವಾಗಿ ಬೆಳೆಯಬೇಕು. 1981ರ ಪೆಟ್ಟಿಗೆಯಲ್ಲಿ ಎಲ್ಫ್ ಎಂಬುದೇ ಒಂದು ಕಸುಬಾಯಿತು. ಕತ್ತಿಯೂ ಉಂಟು, ಮಂತ್ರವೂ ಉಂಟು. ಬೆಲೆ? ಎರಡನೆಯ ಹಂತಕ್ಕೇರಲು ಕಾದಾಡುವವನಿಗೆ 2000 ಅಂಕ ಸಾಕಾದರೆ ಎಲ್ಫನಿಗೆ 4000. ಆಗಲೂ ಎರಡೂ ವಿದ್ಯೆ ಒಂದೇ ಮೈಯಲ್ಲಿದ್ದವೇ ಹೊರತು ಒಂದೇ ಏಟಿನಲ್ಲಿ ಇರಲಿಲ್ಲ. ಕತ್ತಿಯ ಅಲಗಿನ ಮೂಲಕವೇ ಮಂತ್ರ ಹರಿಸುವ ಪಾತ್ರ ಅಚ್ಚುಕಟ್ಟಾಗಿ ಬಂದದ್ದು 2006ರಲ್ಲಿ, ಡಸ್ಕ್‌ಬ್ಲೇಡ್ ಎಂಬ ಹೆಸರಿನಲ್ಲಿ. 2011ರಲ್ಲಿ ಪಾತ್‌ಫೈಂಡರ್ ಎಂಬ ಸೋದರ ಆಟ ‘ಮೇಗಸ್’ ಎಂಬವನನ್ನು ತಂದು, ಒಂದು ಕೈಯಲ್ಲಿ ಕತ್ತಿ, ಇನ್ನೊಂದು ಕೈಯಲ್ಲಿ ಮಂತ್ರ, ಎರಡೂ ಒಂದೇ ಸರದಿಯಲ್ಲಿ ಎಂದು ಬರೆಯಿತು. ನಮ್ಮ ಹುಡುಗ ಹಿಡಿದಿದ್ದ ಪಾತ್ರ 2014ರ ಪುಸ್ತಕದ್ದು. ಏಳನೆಯ ಹಂತಕ್ಕೆ ಬಂದ ಮೇಲೆ ಅವನೂ ಒಂದು ಚಿಕ್ಕ ಮಂತ್ರ ಹಾಕಿ ಅದೇ ಸರದಿಯಲ್ಲಿ ಒಂದು ಏಟು ಕೊಡಬಹುದು. ಪಾಪ, ಅವನಿನ್ನೂ ಮೂರನೆಯ ಹಂತದಲ್ಲಿದ್ದ.

ಅವ್ವನ ಪ್ರಶ್ನೆಗೆ ಬೇರು ಬೇರೆ ಕಡೆ ಇದೆ. ಅವಳು ಪುಸ್ತಕ ಓದಿದವಳಲ್ಲ. ಅವಳಿಗೆ ಯುದ್ಧವೆಂದರೆ ಸುಗ್ಗಿ ಮುಗಿದ ಮೇಲೆ ಊರ ಮುಂದಿನ ಬಯಲಲ್ಲಿ ಬೆಳಗಾಗುವತನಕ ನಡೆಯುತ್ತಿದ್ದ ಕುರುಕ್ಷೇತ್ರ ನಾಟಕ. ಅರ್ಜುನನ ಪಾತ್ರಧಾರಿ ಬಾಣವನ್ನು ಕಣ್ಣಿಗೊತ್ತಿಕೊಂಡು ತುಟಿ ಅಲುಗಿಸುತ್ತಿದ್ದ. ಹಾರ್ಮೋನಿಯಂ ಮೇಷ್ಟ್ರು ಶ್ರುತಿ ಏರಿಸುತ್ತಿದ್ದರು. ಪಾತ್ರಧಾರಿ ಒಂದು ಪದ್ಯ ಪೂರ್ತಿ ಹಾಡುತ್ತಿದ್ದ, ಜನ ಒನ್ಸ್‌ಮೋರ್ ಕೂಗಿದರೆ ಇನ್ನೊಮ್ಮೆ ಹಾಡುತ್ತಿದ್ದ. ಆಮೇಲೆ ಬಾಣ ಹೊರಡುತ್ತಿತ್ತು, ಪರದೆಯ ಪಕ್ಕದಿಂದ ಯಾರೋ ಪಂಜಿನ ಮೇಲೆ ರಾಳದ ಪುಡಿ ಎರಚಿ ಭುಗಿಲೆಬ್ಬಿಸುತ್ತಿದ್ದರು. ಮಂತ್ರ, ಹಾಡು, ಬಾಣ, ಬೆಂಕಿ ಎಲ್ಲ ಒಂದೇ ಏಟು. ಈಗಿನ ಆಟದಲ್ಲಿ ಒಂದು ಸುತ್ತೆಂದರೆ 6 ಸೆಕೆಂಡು. ನಮ್ಮ ಅರ್ಜುನನಿಗೆ ಆಲಾಪನೆಗೇ ಅದಕ್ಕಿಂತ ಹೆಚ್ಚು ಹೊತ್ತು ಬೇಕಿತ್ತು. ನಮ್ಮೂರಲ್ಲಿ ಆ ನಾಟಕ ನಿಂತು ಬಹಳ ವರ್ಷಗಳಾದವು. ರಾಳ ಎರಚುವುದನ್ನು ಬಲ್ಲ ಕೈ ನಮ್ಮೂರಲ್ಲಿ ಈಗ ಒಂದೂ ಇಲ್ಲ. ಅದನ್ನು ನೆನೆದರೆ ನನಗೆ ಹೊಟ್ಟೆಯುರಿಯುತ್ತದೆ.

ಈ ಸೀಮೆಯ ರಂಗದ ಬಾಣ ದೂರ ಹೋದದ್ದೂ ಉಂಟು. ಚಾಮರಾಜನಗರದ ಗಡಿ ದಾಟಿದರೆ ತಾಳವಾಡಿ, ಕನ್ನಡವಾಡುವ ಊರುಗಳು, ಆಡಳಿತ ತಮಿಳುನಾಡಿನ ಈರೋಡ್ ಜಿಲ್ಲೆಯದು. ಅಲ್ಲಿನ ಗಾಜನೂರಿನಲ್ಲಿ 1929ರಲ್ಲಿ ಹುಟ್ಟಿದ ಮುತ್ತುರಾಜನ ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ, ಗುಬ್ಬಿ ಕಂಪನಿಯ ನಟ. ಮಗ ರಾಜ್‌ಕುಮಾರ್ ಆಗಿ, 1977ರಲ್ಲಿ ಹುಣಸೂರು ಕೃಷ್ಣಮೂರ್ತಿ ನಿರ್ದೇಶನದ ‘ಬಬ್ರುವಾಹನ’ದಲ್ಲಿ ಅಪ್ಪನೂ ತಾನೇ, ಮಗನೂ ತಾನೇ ಆಗಿ ನಿಂತರು. ಅರ್ಜುನನಿಗೂ ಬಬ್ರುವಾಹನನಿಗೂ ನಡೆಯುವ ಯುದ್ಧ ಶುರುವಾಗುವುದು ಹಾಡಿನಿಂದ. ಒಂದು ದನಿ ರಾಜ್‌ಕುಮಾರ್ ಅವರದೇ, ಇನ್ನೊಂದು ಪಿ.ಬಿ. ಶ್ರೀನಿವಾಸ್ ಅವರದು. ಆ ಹಾಡು ಕೇಳಿ ಬೆಳೆದವರಿಗೆ ಮಾತು ಬೇರೆ, ಬಾಣ ಬೇರೆ ಎಂದು ಹೇಳಿ ಒಪ್ಪಿಸಲಾಗದು. ನಮ್ಮ ಪೌರಾಣಿಕ ಚಿತ್ರಗಳಲ್ಲಿ ಅಗ್ನಿಯ ಬಾಣಕ್ಕೆ ವರುಣನ ಬಾಣ ಎದುರಾಗುವುದು ಮಕ್ಕಳಿಗೂ ಗೊತ್ತಿದ್ದ ಲೆಕ್ಕ.

ಹಾಗಾದರೆ ನಮ್ಮ ಮಂತ್ರಾಸ್ತ್ರಕ್ಕೆ ಕಟ್ಟಳೆಯೇ ಇರಲಿಲ್ಲವೆ? ಇತ್ತು, ಅದು ಇನ್ನೂ ಕಠಿಣವಾದದ್ದು. ಲೇಕ್ ಜಿನೀವಾದವರು ತಮ್ಮ ಮಾಂತ್ರಿಕನಿಗೆ ಜ್ಯಾಕ್ ವಾನ್ಸ್ ಎಂಬ ಲೇಖಕನ 1950ರ ‘ದ ಡೈಯಿಂಗ್ ಅರ್ತ್’ ಪುಸ್ತಕದಿಂದ ಒಂದು ನಿಯಮ ತಂದರು: ಮಂತ್ರ ಹೇಳಿದ ಕೂಡಲೆ ಅದು ನೆನಪಿನಿಂದ ಅಳಿಸಿಹೋಗುತ್ತದೆ, ಮತ್ತೆ ಕಲಿಯಬೇಕು. ಇದನ್ನು ಓದಿದಾಗ ನನಗೆ ಕರ್ಣ ಕಣ್ಣ ಮುಂದೆ ಬಂದ. ಸುಳ್ಳು ಹೇಳಿ ಕಲಿತ ಬ್ರಹ್ಮಾಸ್ತ್ರ ಬೇಕಾದ ಗಳಿಗೆಯಲ್ಲೇ ಮರೆತುಹೋಗಲಿ ಎಂಬ ಪರಶುರಾಮನ ಶಾಪ ಹೊತ್ತವನು. ಅವನಿಗೆ ಇಂದ್ರ ಕೊಟ್ಟ ಶಕ್ತ್ಯಾಯುಧ ಒಂದೇ ಸಲಕ್ಕೆ. ಅರ್ಜುನನಿಗೆಂದು ಇಟ್ಟುಕೊಂಡದ್ದು ಇರುಳ ಯುದ್ಧದಲ್ಲಿ ಘಟೋತ್ಕಚನ ಮೇಲೆ ಖರ್ಚಾಯಿತು. ಅಶ್ವತ್ಥಾಮನ ಬಳಿ ಕೊನೆಗೆ ಇದ್ದದ್ದು ಒಂದು ಹುಲ್ಲುಕಡ್ಡಿ, ಮಂತ್ರ ಬಿದ್ದೊಡನೆ ಅದೇ ಲೋಕ ಸುಡುವ ಅಸ್ತ್ರವಾಯಿತು. ಬಿಟ್ಟದ್ದನ್ನು ಹಿಂದಕ್ಕೆ ಕರೆಯುವ ವಿದ್ಯೆ ಅರ್ಜುನನಿಗಿತ್ತು, ಅವನಿಗಿರಲಿಲ್ಲ. ಎರಡು ಕೈಯಲ್ಲಿ ಎರಡು ಕೆಲಸ ಮಾಡಬಹುದೆ ಎಂಬುದು ಅಲ್ಲಿ ಪ್ರಶ್ನೆಯೇ ಅಲ್ಲ. ಯಾರಿಂದ ಕಲಿತೆ, ಹೇಗೆ ಕಲಿತೆ, ಬಿಟ್ಟದ್ದನ್ನು ಹಿಂದೆಗೆಯಬಲ್ಲೆಯಾ ಎಂಬುದು ಪ್ರಶ್ನೆ. ಆಟ ಕಟ್ಟುವವರಿಗೆ ಇದಕ್ಕಿಂತ ಒಳ್ಳೆಯ ಕಟ್ಟಳೆ ಎಲ್ಲಿ ಸಿಕ್ಕೀತು?

ಪುರಾಣದವರೆಗೂ ಹೋಗಬೇಕಿಲ್ಲ. ನಮ್ಮ ಜಿಲ್ಲೆಯ ನೀಲಗಾರರು ಹಾಡುವ ಮಂಟೇಸ್ವಾಮಿ ಕಾವ್ಯದಲ್ಲಿ ಸಿದ್ದಪ್ಪಾಜಿ ಗುರುವಿನ ಅಪ್ಪಣೆಯಂತೆ ಹಲಗೂರಿನ ಪಾಂಚಾಳರ ಬಳಿಗೆ ಕಬ್ಬಿಣದ ಭಿಕ್ಷಕ್ಕೆ ಹೋಗುತ್ತಾನೆ. ಕಬ್ಬಿಣ ಕಾಯಿಸಿ ಬಡಿಯುವವರು ಒಂದು ಕಡೆ, ಮಹಿಮೆ ಹೊತ್ತ ಶಿಶುಮಗ ಇನ್ನೊಂದು ಕಡೆ. ಕಬ್ಬಿಣಕ್ಕೂ ಮಾತಿಗೂ ನಡೆಯುವ ಆ ಪವಾಡವನ್ನು ಚಿಕ್ಕಲ್ಲೂರು ಜಾತ್ರೆಯ ಇರುಳಲ್ಲಿ ಕೇಳಬೇಕು.

ಮೇಜಿನ ಆಟವೂ ಈ ನೆಲಕ್ಕೆ ಹೊರಗಿನದೇನಲ್ಲ. ಚಾಮರಾಜನಗರ ಮೊದಲು ಅರಿಕುಠಾರ. ಅಲ್ಲಿ ಹುಟ್ಟಿದ ಖಾಸಾ ಚಾಮರಾಜ ಒಡೆಯರ ನೆನಪಿಗೆ ಊರಿಗೆ ಈ ಹೆಸರಿಟ್ಟವರು ಮಗ ಮುಮ್ಮಡಿ ಕೃಷ್ಣರಾಜ ಒಡೆಯರು. 1826ರಲ್ಲಿ ಅಲ್ಲಿ ಚಾಮರಾಜೇಶ್ವರ ದೇವಸ್ಥಾನ ಕಟ್ಟಿಸಿದವರೂ ಅವರೇ. ರಾಜ್ಯದ ಆಡಳಿತ ಬ್ರಿಟಿಷರ ಕೈಗೆ ಹೋದ ಮೇಲೂ ಅವರು ಆಟ ಕಟ್ಟುವುದನ್ನು ಬಿಡಲಿಲ್ಲ. ಚದುರಂಗದ ಕುದುರೆಯನ್ನು ಎಲ್ಲ ಮನೆಗೂ ಒಂದೊಂದೇ ಸಲ ಸುತ್ತಿಸುವ ಲೆಕ್ಕ ಬಿಡಿಸಿದರು. ತಮ್ಮ ಶ್ರೀತತ್ತ್ವನಿಧಿ ಗ್ರಂಥದ ಒಂಬತ್ತು ನಿಧಿಗಳಲ್ಲಿ ಕೌತುಕನಿಧಿಯನ್ನು ಆಟಗಳಿಗೆ ಮೀಸಲಿಟ್ಟರು. ದಶಾವತಾರದ ಗಂಜೀಫಾ ಎಂಬ ಎಲೆಯಾಟವೆಂದರೆ ಹತ್ತು ಅವತಾರಕ್ಕೆ ಹನ್ನೆರಡರಂತೆ 120 ಎಲೆ, ಪರಶುರಾಮನ ಎಲೆಗಳಿಗೆ ಕೊಡಲಿಯ ಗುರುತು. ಅದು ಸಾಲದೆಂದು ದೊರೆ ಚಾಮುಂಡೇಶ್ವರಿಯ ಹೆಸರಿನಲ್ಲಿ 320 ಎಲೆಗಳ ಆಟವೊಂದನ್ನು ಕಟ್ಟಿದರು. ದೇವರನ್ನೂ ಆಯುಧವನ್ನೂ ಒಂದೇ ಎಲೆಯ ಮೇಲೆ ಕೂರಿಸಿದ ಆ ಆಟಗಳನ್ನು ಇಂದು ವಸ್ತುಸಂಗ್ರಹಾಲಯದ ಗಾಜಿನ ಹಿಂದೆ ನೋಡಬೇಕು. ಆಡಿದವರನ್ನು ನಾನು ಕಂಡಿಲ್ಲ.

ಹುಡುಗರ ಆಟದ ಮೇಲೆ ನನಗೆ ಕೋಪವಿಲ್ಲ. ಎರಡು ದಿನ ಮೊಬೈಲು ಮುಟ್ಟದೆ, ಮುಖ ನೋಡಿಕೊಂಡು, ಬಾಯಲ್ಲಿ ಕಥೆ ಕಟ್ಟಿದರು. ನಮ್ಮ ಜಗಲಿ ಅಂಥದ್ದನ್ನು ಕಂಡು ಎಷ್ಟೋ ಕಾಲವಾಗಿತ್ತು. ಆದರೆ ಅದೇ ದಾಳ ಹಿಡಿದು ಕನ್ನಡದಲ್ಲಿ ಒಂದು ಆಟ ಕಟ್ಟಲು ನಮ್ಮ ಬಳಿ ಇಲ್ಲದ್ದು ಯಾವುದು? ಕರ್ಣನ ಶಾಪ ಇದೆ, ಅಶ್ವತ್ಥಾಮನ ಹುಲ್ಲುಕಡ್ಡಿ ಇದೆ, ಹಲಗೂರಿನ ಕಬ್ಬಿಣ ಇದೆ. ಚಾಮರಾಜನಗರದ, ಗುಂಡ್ಲುಪೇಟೆಯ ಕಾಲೇಜಿನ ಮಕ್ಕಳು ಈ ಬೇಸಿಗೆಯಲ್ಲಿ ಕೂತು ಬರೆಯಲಿ. ನೀಲಗಾರರನ್ನು, ಕಂಸಾಳೆಯವರನ್ನು, ಹಳೆಯ ನಾಟಕದ ಮೇಷ್ಟ್ರುಗಳನ್ನು ಕೇಳಿ ಬರೆಯಲಿ. ಗುಂಡ್ಲುಪೇಟೆಗೆ ಬಂದರೆ ನಮ್ಮ ಮನೆಗೂ ಬನ್ನಿ. ಅವ್ವನಿಗೆ ಅರ್ಜುನನ ಪದ್ಯಗಳು ಇನ್ನೂ ಬಾಯಿಗೆ ಬರುತ್ತವೆ.