ಬಾಗಿಲಿಗೆ ಪುಲ್‌ಅಪ್ ಬಾರ್: ನಂಬಿಕೆ ಯಾವುದು, ಸತ್ಯ ಯಾವುದು?

ಸೇಲಂನ ದೇವಾಂಗ ನೇಕಾರರ ಓಣಿಗಳಿರಲಿ, ಧರ್ಮಪುರಿ ಜಿಲ್ಲೆಯ ಗಡಿ ಊರುಗಳಿರಲಿ, ಮನೆಯಲ್ಲಿ ಕನ್ನಡ ಆಡುವ ಕುಟುಂಬಗಳ ಎಷ್ಟೋ ಹುಡುಗರಿಗೆ ಸೇನೆ ಸೇರುವ ಕನಸು. ಅಗ್ನಿವೀರ್ ದೈಹಿಕ ಪರೀಕ್ಷೆಯಲ್ಲಿ ಓಟದ ಜೊತೆಗೆ ಬೀಮ್ ಕೂಡ ಇದೆ: 10 ಪುಲ್‌ಅಪ್ ಎಳೆದರೆ ಪೂರ್ತಿ 40 ಅಂಕ, ಆರಕ್ಕೆ 16. ಹಾಗಾಗಿ ಮನೆಯ ಬಾಗಿಲಿಗೇ ಒಂದು ಬಾರ್ ಹಾಕಿಕೊಳ್ಳುವ ಉತ್ಸಾಹ ಹೆಚ್ಚಿದೆ. ಉತ್ಸಾಹ ಒಳ್ಳೆಯದೇ. ಆದರೆ ಅದರ ಸುತ್ತ ಹಬ್ಬಿರುವ ಕೆಲವು ನಂಬಿಕೆಗಳು ಬೆನ್ನು ಮುರಿಯಬಲ್ಲವು.

ನಂಬಿಕೆ 1: ಜಾಹೀರಾತಿನಲ್ಲಿ ತೋರಿಸುವ ಕೊಕ್ಕೆ ಬಾರ್ ಎಲ್ಲ ಬಾಗಿಲಿಗೂ ಕೂರುತ್ತದೆ.

ಸತ್ಯ: ಅಮೆರಿಕದ ಮನೆಗಳಲ್ಲಿ ಬಾಗಿಲಿನ ಸುತ್ತ ಗೋಡೆಯಿಂದ ಮುಂದಕ್ಕೆ ಚಾಚಿದ ಮರದ ಪಟ್ಟಿ ಇರುತ್ತದೆ. ಕೊಕ್ಕೆ ಬಾರ್ ಅದರ ಮೇಲಂಚಿಗೆ ಆತುಕೊಂಡು ನಿಲ್ಲುವಂಥದ್ದು. ನಮ್ಮಲ್ಲಿ ಚೌಕಟ್ಟನ್ನು ಗೋಡೆಯೊಳಗೆ ಕೂರಿಸಿ, ಸಾಮಾನ್ಯವಾಗಿ ಅದರ ಮಟ್ಟಕ್ಕೇ ಗಾರೆ ಮಾಡುತ್ತಾರೆ. ಕೊಕ್ಕೆಗೆ ಆಸರೆಯೇ ಸಿಗುವುದಿಲ್ಲ. ಅಂದಕ್ಕೆಂದು ಸಣ್ಣ ಮೊಳೆಯಲ್ಲಿ ಹೊಡೆದ ತೆಳು ಬೀಡಿಂಗ್ ಪಟ್ಟಿ ಆಸರೆಯಲ್ಲ. ಅದರ ಮೇಲೆ ಭಾರ ಹಾಕಲೇಬಾರದು.

ನಂಬಿಕೆ 2: ತಿರುಗಿಸಿ ಬಿಗಿ ಮಾಡುವ ಬಾರ್ ಮೇಲೆ 150 ಕೆ.ಜಿ. ಎಂದು ಬರೆದಿದೆ, ಇನ್ನೇನು ಭಯ?

ಸತ್ಯ: ಆ ಬಾರನ್ನು ಹಿಡಿದಿಡುವುದು ಎರಡು ತುದಿಯ ರಬ್ಬರಿನ ಘರ್ಷಣೆ ಮಾತ್ರ. ಎಣ್ಣೆ ಬಣ್ಣ, ವಾರ್ನಿಷ್ ಬಳಿದ ಮರದ ಮೇಲೆ ಅದು ಜಾರಬಹುದು. ಬರೆದಿರುವ ತೂಕವೂ ಅಲುಗಾಡದೆ ನೇತಾಡುವ ಭಾರದ್ದು. ಜೋಲಿ ಹೊಡೆದು ಎಳೆದರೆ, ಮೇಲಿಂದ ಧೊಪ್ಪನೆ ಇಳಿದರೆ ಬೀಳುವ ಬಲ ನಿಮ್ಮ ತೂಕಕ್ಕಿಂತ ಬಹಳ ಹೆಚ್ಚು. ಮಳೆಗಾಲದಲ್ಲಿ ಉಬ್ಬಿದ ಮರ ಬೇಸಿಗೆಯಲ್ಲಿ ಕುಗ್ಗುತ್ತದೆ, ನಿನ್ನೆಯ ಬಿಗಿ ಇಂದು ಉಳಿದಿರುವುದಿಲ್ಲ. ಹಾಗೆಂದು ಅತಿಯಾಗಿ ಬಿಗಿದರೆ ಚೌಕಟ್ಟು ಬಾಗಿ ಗಾರೆ ಬಿರುಕು ಬಿಡುತ್ತದೆ. ಎರಡು ಬದಿಗೂ ಬ್ರಾಕೆಟ್ ಹಾಕಿ ಸ್ಕ್ರೂ ಮಾಡಿದ ಬಾರೇ ಮೇಲು.

ನಂಬಿಕೆ 3: ಆ್ಯಂಕರ್ ಬೋಲ್ಟ್ ಹೊಡೆದರೆ ಯಾವ ಗೋಡೆಯಾದರೂ ಹಿಡಿಯುತ್ತದೆ.

ಸತ್ಯ: ಡ್ರಿಲ್ ಹಾಕುವಾಗ ಉದುರುವ ಪುಡಿಯನ್ನು ನೋಡಿ. ಮೊದಲ ಅರ್ಧ ಇಂಚು ಬರುವ ಬೂದು ಪುಡಿ ಗಾರೆಯದು, ಅದಕ್ಕೆ ಶಕ್ತಿಯಿಲ್ಲ. ಆಮೇಲೆ ಕೆಂಪು ಪುಡಿ ಒಂದೇ ಸಮ ಬರುತ್ತಿದ್ದರೆ ಇಟ್ಟಿಗೆ. ಬೂದು ಪುಡಿ ಬರುತ್ತಾ ಡ್ರಿಲ್ ಥಟ್ಟನೆ ಒಳಕ್ಕೆ ನುಗ್ಗಿದರೆ ಅದು ಟೊಳ್ಳು ಬ್ಲಾಕ್. ಮಾಮೂಲಿ ಬೋಲ್ಟ್ ಅಲ್ಲಿ ಅಗಲಗೊಂಡು ಕಚ್ಚಿಕೊಳ್ಳಲು ಏನೂ ಇಲ್ಲ. ಮೆತ್ತನೆಯ ಮಣ್ಣು ಬಂದರೆ ಅದು ಮಣ್ಣಿನಲ್ಲಿ ಕಟ್ಟಿದ ಹಳೆಯ ಗೋಡೆ, ಅಲ್ಲಿಗೆ ಕೆಲಸ ನಿಲ್ಲಿಸಿ. ಗಟ್ಟಿ ಇಟ್ಟಿಗೆಯಲ್ಲೂ ಗೋಡೆಯ ಅಂಚಿಗೆ ತೀರ ಹತ್ತಿರ ಹೊಡೆದರೆ ಇಟ್ಟಿಗೆ ಸೀಳುತ್ತದೆ. ಮರದ ಚೌಕಟ್ಟಾದರೆ ಮೊದಲು ಬೆರಳ ಗೆಣ್ಣಿನಿಂದ ಉದ್ದಕ್ಕೂ ತಟ್ಟಿ. ಬೇವಾಗಲಿ ತೇಗವಾಗಲಿ, ಟೊಳ್ಳು ಸದ್ದು ಬಂದರೆ ಗೆದ್ದಲು ಒಳಗೆ ಸೇರಿರಬಹುದು.

ನಂಬಿಕೆ 4: ಹೊಳೆಯುವ ಸ್ಟೀಲ್ ಪೈಪೇ ಗಟ್ಟಿ.

ಸತ್ಯ: ಉಕ್ಕಿನ ಕಾರ್ಖಾನೆಯಿರುವ ಸೇಲಂನಲ್ಲಿ ಈ ನಂಬಿಕೆ ಸಹಜ. ಆದರೆ ಪೈಪಿನ ಬಲವಿರುವುದು ಹೊಳಪಿನಲ್ಲಲ್ಲ, ಅದರ ಲೋಹದ ದಪ್ಪದಲ್ಲಿ. ಪರದೆಗೆ ಹಾಕುವ ಸ್ಟೀಲ್ ಕೊಳವೆ ತೀರ ತೆಳು. ಹಾರ್ಡ್‌ವೇರ್ ಅಂಗಡಿಯಲ್ಲಿ ಒಂದು ಇಂಚಿನ ಜಿ.ಐ. ಪೈಪ್ ಕೇಳಿ. ಅದರ ಹೊರ ಅಳತೆ ಸುಮಾರು 33 ಮಿ.ಮೀ., ಕೈಹಿಡಿಗೆ ಚೆನ್ನಾಗಿ ಒದಗುತ್ತದೆ. ಹಳದಿ ಪಟ್ಟಿ ಇದ್ದರೆ ಹಗುರ ದರ್ಜೆ, ನೀಲಿ ಮಧ್ಯಮ, ಕೆಂಪು ಭಾರಿ. ನೀಲಿ ಪಟ್ಟಿಯದಕ್ಕೆ 3.2 ಮಿ.ಮೀ. ದಪ್ಪವಿರುತ್ತದೆ, ಒಂದು ಬಾಗಿಲಿನ ಅಗಲಕ್ಕೆ ಧಾರಾಳ ಸಾಕು.

ನಂಬಿಕೆ 5: ಬಾರ್ ಆದಷ್ಟು ಮೇಲಿರಬೇಕು, ಕಾಲು ನೆಲಕ್ಕೆ ತಾಗಬಾರದು.

ಸತ್ಯ: ಚೌಕಟ್ಟಿನ ಒಳಗೆ ತೀರ ಮೇಲೆ ಹಾಕಿದರೆ ಗಲ್ಲ ಬಾರ್ ದಾಟುವ ಮೊದಲೇ ತಲೆ ಬಡಿಯುತ್ತದೆ. ಮೇಲೆ ಒಂದು ಅಡಿ ಬಿಡಿ. ಏಳು ಅಡಿಯ ಬಾಗಿಲಲ್ಲಿ ಬಾರ್ ಆರು ಅಡಿಗೆ ಬರುತ್ತದೆ. ಮೊಣಕಾಲು ಮಡಚಿ ಎಳೆದರೆ ವ್ಯಾಯಾಮಕ್ಕೇನೂ ಕಡಿಮೆಯಾಗದು. ಪರೀಕ್ಷೆ ಹತ್ತಿರ ಬಂದಾಗ ಮಾತ್ರ ಮೈದಾನದ ಎತ್ತರದ ಬೀಮ್‌ನಲ್ಲಿ ಕಾಲು ನೀಡಿ ಅಭ್ಯಾಸ ಮಾಡಬೇಕು.

ನಂಬಿಕೆ 6: ಬಾಗಿಲಿಗೆ ತೂತು ಕೊರೆದರೆ ಮನೆಗೆ ಕೇಡು.

ಸತ್ಯ: ತಲೆಬಾಗಿಲಿಗೆ ಅರಿಸಿನ ಕುಂಕುಮವಿಟ್ಟು ತೋರಣ ಕಟ್ಟುವ ಹಿರಿಯರ ಮನಸ್ಸು ನೋಯಿಸಬೇಕಿಲ್ಲ. ಕೋಣೆಯ ಬಾಗಿಲನ್ನು ಆರಿಸಿಕೊಳ್ಳಿ. ಜನ ಸದಾ ಓಡಾಡುವ ತಲೆಬಾಗಿಲಿನಲ್ಲಿ ಆರು ಅಡಿಗೆ ಕಬ್ಬಿಣದ ಬಾರ್ ಇದ್ದರೆ ಬಂದುಹೋಗುವವರ ಹಣೆಗೇ ಅಪಾಯ.

ನಂಬಿಕೆ 7: ದಿನಾ ಜೋತುಬಿದ್ದರೆ ಎತ್ತರ ಬೆಳೆಯುತ್ತೇವೆ.

ಸತ್ಯ: ಬೆನ್ನೆಲುಬಿನ ನಡುವಿನ ಡಿಸ್ಕ್‌ಗಳು ಕೊಂಚ ಹಿಗ್ಗಿ ಸ್ವಲ್ಪ ಹೊತ್ತು ಎತ್ತರ ಕಾಣಬಹುದು, ಅಷ್ಟೆ. ರಾತ್ರಿ ಮಲಗಿ ಎದ್ದಾಗಲೂ ಹಾಗೆಯೇ ಆಗುತ್ತದೆ, ಸಂಜೆಗೆ ಇಳಿಯುತ್ತದೆ. ಮೂಳೆಯ ಬೆಳವಣಿಗೆಯ ತುದಿಗಳು ಹದಿಹರೆಯ ಕಳೆಯುತ್ತಿದ್ದಂತೆ ಮುಚ್ಚಿಕೊಂಡ ಮೇಲೆ ಯಾವ ಬಾರೂ ಎತ್ತರ ಕೊಡಲಾರದು. ಬಾರ್ ಕೊಡುವುದು ಬೆನ್ನು, ತೋಳು, ಹಿಡಿತದ ಬಲ.

ಇಷ್ಟೆಲ್ಲ ನೋಡಿದ ಮೇಲೂ ಗೋಡೆಯ ಮೇಲೆ ನಂಬಿಕೆ ಬಾರದಿದ್ದರೆ ಬಾಗಿಲನ್ನು ಬಿಟ್ಟುಬಿಡಿ. ಗ್ರಾನೈಟ್‌ಗೆ ಹೆಸರಾದ ಸೀಮೆ ನಮ್ಮದು. ಹಿತ್ತಲಲ್ಲಿ ಎರಡು ಕಲ್ಲುಕಂಬ ಆಳವಾಗಿ ಹೂತು, ನಡುವೆ ಪೈಪ್ ಭದ್ರಪಡಿಸಿದರೆ ಬಾಗಿಲಿಗಿಂತ ಗಟ್ಟಿ. ಎಲ್ಲೇ ಹಾಕಿದರೂ ಪ್ರತಿ ಸಲ ಹತ್ತುವ ಮೊದಲು ಕಾಲು ನೆಲದ ಮೇಲಿಟ್ಟೇ ಮೈಭಾರವನ್ನು ನಿಧಾನವಾಗಿ ಬಿಟ್ಟು ನೋಡಿ. ಕೂದಲೆಳೆಯಷ್ಟು ಅಲುಗಿದರೂ ಆ ದಿನ ಎಳೆಯಬೇಡಿ, ಮೊದಲು ಸರಿಪಡಿಸಿ.