ಅಪ್ಪನೂ ‘ಬ್ರೋ’ ಆದರು!

ಅರಸೀಕೆರೆ ಜಂಕ್ಷನ್‌ನಲ್ಲಿ ರೈಲು ಹತ್ತಿ ‘ಸ್ವಲ್ಪ ಜರುಗಿ ಬ್ರೋ’ ಅಂದರೆ ವಿನಂತಿ. ಕಾಲು ತುಳಿಸಿಕೊಂಡವನು ‘ಏನ್ ಬ್ರೋ?’ ಅಂದರೆ ಜಗಳಕ್ಕೆ ಪೀಠಿಕೆ. ಬೇಲೂರು ಬಸ್ಸಿನಲ್ಲಿ ಎರಡು ವರ್ಷ ಜೊತೆಗೆ ಓಡಾಡಿದ ಹುಡುಗಿ ಒಂದು ದಿನ ‘ಥ್ಯಾಂಕ್ಸ್ ಬ್ರೋ’ ಅಂದಳು; ಅಲ್ಲಿಗೆ ನನ್ನ ಕಥೆ ಮುಗಿಯಿತು. ಹಿಂದೆ ಇಂಗ್ಲಿಷ್ ಬರಹದಲ್ಲಿ ‘ಬ್ರದರ್’ಗೆ ಬಳಸುತ್ತಿದ್ದ ಸಂಕ್ಷೇಪವಂತೆ ಇದು. ಪದ ಮೊಟಕಾಯಿತು, ಅರ್ಥ ಹಿಗ್ಗಿತು.

ಅಪ್ಪ ಹಳೇಬೀಡು ದೇವಸ್ಥಾನದ ಎದುರು ಎಳನೀರು ಮಾರುತ್ತಾರೆ. ನನ್ನ ವಯಸ್ಸಿನ ಪ್ರವಾಸಿಯೊಬ್ಬ ಅವರಿಗೆ ‘ಎಷ್ಟು ಬ್ರೋ?’ ಅಂದಾಗ ನನಗೆ ಸಿಟ್ಟೇ ಬಂತು.

‘ಹಂಗಂದ್ರೆ ಏನ್ಲಾ?’ ಅಪ್ಪ ಕೇಳಿದರು.

‘ಅಣ್ಣ ಅಂತ.’

‘ಒಳ್ಳೇದೇ ಬಿಡು. ಮೊನ್ನೆ ಒಬ್ಬ “ಏಯ್ ಎಳನೀರು” ಅಂತ ಕರ್ದಿದ್ದ’ ಎಂದು ಅಪ್ಪ ಮಚ್ಚು ಎತ್ತಿಕೊಂಡು ಮುಂದಿನ ಕಾಯಿ ಕೆತ್ತತೊಡಗಿದರು.