ಪ್ರಿಸಿಲ್ಲಾ ಬಸ್ಸು ಇನ್ನೂ ಓಡ್ತಾನೇ ಇದೆ!

'ದಿ ಮೇಟ್ರಿಕ್ಸ್' ನೋಡಿದವರಿಗೆ ಏಜೆಂಟ್ ಸ್ಮಿತ್ ನೆನಪಿರಲೇಬೇಕು. ಕಪ್ಪು ಸೂಟು, ಕಪ್ಪು ಕನ್ನಡಕ, ಗಂಟುಮುಖ. ಆ ಪಾತ್ರ ಮಾಡಿದ ಹ್ಯೂಗೋ ವೀವಿಂಗ್ ಅದಕ್ಕೂ ಐದು ವರ್ಷ ಮೊದಲು, ರಬ್ಬರ್ ಚಪ್ಪಲಿ ಪೋಣಿಸಿ ಮಾಡಿದ ಫ್ರಾಕ್ ತೊಟ್ಟು ಬೀದಿಯಲ್ಲಿ ನಡೆದಿದ್ದರು ಅಂದ್ರೆ ನಂಬ್ತೀರಾ?

ಆ ಸಿನಿಮಾ 1994ರ 'ದಿ ಅಡ್ವೆಂಚರ್ಸ್ ಆಫ್ ಪ್ರಿಸಿಲ್ಲಾ, ಕ್ವೀನ್ ಆಫ್ ದ ಡೆಸರ್ಟ್'. ನಿರ್ದೇಶಕ ಆಸ್ಟ್ರೇಲಿಯಾದ ಸ್ಟೀಫನ್ ಎಲಿಯಟ್. ಹೆಣ್ಣುವೇಷದಲ್ಲಿ ಹಾಡಿಗೆ ತುಟಿ ಆಡಿಸಿ ಕುಣಿಯುವ ಡ್ರ್ಯಾಗ್ ಕಲಾವಿದರಾದ ಟಿಕ್, ಆ್ಯಡಂ, ಜೊತೆಗೆ ಟ್ರಾನ್ಸ್ ಮಹಿಳೆ ಬರ್ನಡೆಟ್. ಮೂವರೂ 'ಪ್ರಿಸಿಲ್ಲಾ' ಅನ್ನೋ ಹಳೇ ಬಸ್ಸು ಹತ್ತಿ, ಸಿಡ್ನಿಯಿಂದ ಮರುಭೂಮಿಯ ನಡುವಿನ ಆಲಿಸ್ ಸ್ಪ್ರಿಂಗ್ಸ್‌ಗೆ ಶೋ ಕೊಡಲು ಹೊರಡ್ತಾರೆ.

ನಮ್ಮ ಸಿನಿಮಾಗಳಲ್ಲಿ ಹೀರೋ ಸೀರೆ ಉಟ್ಟರೆ ಆ ಸೀರೆಯೇ ಜೋಕು. ವಿಗ್ ಕಳಚಿ ಬಿತ್ತು, ಥಿಯೇಟರ್ ನಕ್ಕಿತು, ಮುಗೀತು. ಪ್ರಿಸಿಲ್ಲಾದಲ್ಲಿ ವೇಷ ಅವರ ಕಸುಬು. ಜೋಕು ಹೊಡೆಯುವವರೂ ಅವರೇ. ಬ್ರೋಕನ್ ಹಿಲ್ ಊರಿನಲ್ಲಿ ರಾತ್ರಿ ಎಲ್ಲರನ್ನೂ ನಗಿಸಿ ಮಲಗಿ ಬೆಳಿಗ್ಗೆ ಎದ್ದರೆ, ಬಸ್ಸಿನ ಮೇಲೆ ಯಾರೋ ಹೊಲಸು ಬೈಗುಳ ಬರೆದಿರ್ತಾರೆ. ಮುಂದೆ ಆ ಬರಹದ ಮೇಲೇ ನೇರಳೆ ಬಣ್ಣ ಬಳಿದು ಪಯಣ ಮುಂದುವರಿಸ್ತಾರೆ. ನಗುವಿನ ಕೆಳಗೆ ನೋವಿದೆ. ಆದರೆ ಅದನ್ನು ತೋರಿಸಿ ಕಣ್ಣೀರು ಗಿಟ್ಟಿಸೋ ಪ್ರಯತ್ನ ಇಲ್ಲ.

ಟಿಕ್‌ಗೆ ಇನ್ನೊಂದು ಭಯ. ಆಲಿಸ್ ಸ್ಪ್ರಿಂಗ್ಸ್‌ನಲ್ಲಿ ಅವನ ಹೆಂಡತಿ, ಪುಟ್ಟ ಮಗ ಇದ್ದಾರೆ. ಅಪ್ಪನನ್ನು ಈ ವೇಷದಲ್ಲಿ ನೋಡಿದರೆ ಮಗ ಏನಂದುಕೊಳ್ತಾನೆ? ಸ್ಪಾಯ್ಲರ್ ಅನ್ನಿಸಿದರೆ ಕ್ಷಮಿಸಿ: ಮಗನಿಗೆ ಎಲ್ಲವೂ ಮೊದಲೇ ಗೊತ್ತು. ಅವನಿಗೆ ಅದೊಂದು ವಿಷಯವೇ ಅಲ್ಲ. ನನ್ನ ಗೆಳೆಯನೊಬ್ಬ ತಾನು ಗೇ ಅಂತ ನಮಗೆಲ್ಲ ಹೇಳಿ ನಾಲ್ಕು ವರ್ಷ ಆಯ್ತು. ಊರಲ್ಲಿರೋ ಅಪ್ಪನಿಗೆ ಇನ್ನೂ ಹೇಳಿಲ್ಲ. ಪ್ರತಿ ಹಬ್ಬಕ್ಕೂ ಮನೆಗೆ ಹೋಗಿ ಹುಡುಗಿ ಫೋಟೋ ನೋಡಿ ಬರ್ತಾನೆ. ಈ ಸಿನಿಮಾದಲ್ಲಿ ಅವನು ಎರಡೆರಡು ಸಲ ನೋಡೋದು ಆ ಮಗನ ದೃಶ್ಯವನ್ನೇ.

ಕಡಿಮೆ ಖರ್ಚಿನ ಈ ಚಿತ್ರಕ್ಕೆ 1995ರಲ್ಲಿ ವಸ್ತ್ರವಿನ್ಯಾಸದ ಆಸ್ಕರ್ ಬಂತು. ವಿನ್ಯಾಸಕಿ ಲಿಜ್ಜಿ ಗಾರ್ಡಿನರ್ ಕ್ರೆಡಿಟ್ ಕಾರ್ಡುಗಳಿಂದಲೇ ಮಾಡಿದ ಗೌನ್ ತೊಟ್ಟು ಪ್ರಶಸ್ತಿ ಪಡೆದರು. 2000ದ ಸಿಡ್ನಿ ಒಲಿಂಪಿಕ್ಸ್ ಸಮಾರೋಪದಲ್ಲಿ ಪ್ರಿಸಿಲ್ಲಾ ನೆನಪಿಗೆ ಡ್ರ್ಯಾಗ್ ಕಲಾವಿದರು ಮೆರೆದರು. 2006ರಲ್ಲಿ ಇದೇ ಕಥೆ ಸಂಗೀತ ನಾಟಕವಾಯಿತು. ಕಳೆದೇ ಹೋಗಿದ್ದ ಬಸ್ಸು ದಶಕಗಳ ನಂತರ ಪತ್ತೆಯಾಗಿದ್ದೂ ಸುದ್ದಿಯಾಯ್ತು.

ಎಲ್ಲವೂ ಚೆನ್ನಾಗಿದೆ ಅನ್ನಲ್ಲ. ಫಿಲಿಪ್ಪೀನ್ಸ್ ಮೂಲದ ಹೆಂಡತಿ ಪಾತ್ರವನ್ನು ಗೇಲಿ ಮಾಡಿರೋ ರೀತಿ ಇಂದು ಚುಚ್ಚುತ್ತೆ. ತಾವೇ ಗೇಲಿಗೆ ಗುರಿಯಾದವರ ಕಥೆಯಲ್ಲೂ ಹೀಗಾಗುತ್ತೆ.

ಬರ್ನಡೆಟ್ ಪಾತ್ರದ ಟೆರೆನ್ಸ್ ಸ್ಟ್ಯಾಂಪ್ 2025ರ ಆಗಸ್ಟ್‌ನಲ್ಲಿ ತೀರಿಕೊಂಡರು. ಅವರ ಆ ಗತ್ತು ನೋಡೋಕಾದರೂ ಈ ವೀಕೆಂಡ್ ಎರಡು ಗಂಟೆ ಎತ್ತಿಡಿ. ಆದರೆ ಮನೆಯವರನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ.